ಡಬ್ಬಿಯ ಮೇಲಿನ ನ್ಯಾನೊ, ಡಬ್ಬಿಯೊಳಗಿನ ನ್ಯಾನೊ



2016ರ ನವೆಂಬರ್ ತಿಂಗಳು ನಿಮಗೆಲ್ಲ ನೆನಪಿರಬೇಕು. ಐನೂರು, ಸಾವಿರದ ನೋಟುಗಳು ರದ್ದಾಗಿ ಬ್ಯಾಂಕುಗಳ ಮುಂದೆ ಸಾಲು ಬೆಳೆದಿತ್ತು. ಗುಲಾಬಿ ಬಣ್ಣದ ಎರಡು ಸಾವಿರದ ನೋಟು ಕೈಗೆ ಬರುವ ಮೊದಲೇ ಅದರ ಮಹಿಮೆ ವಾಟ್ಸಾಪಿನಲ್ಲಿ ಬಂದಿತ್ತು. ಅದರೊಳಗೆ ಒಂದು ನ್ಯಾನೊ ಜಿಪಿಎಸ್ ಚಿಪ್ ಇದೆಯಂತೆ; ನೆಲದಡಿ ನೂರಿಪ್ಪತ್ತು ಮೀಟರ್ ಆಳದಲ್ಲಿ ಹೂತಿಟ್ಟರೂ ಉಪಗ್ರಹಕ್ಕೆ ಸುಳಿವು ಕೊಡುತ್ತದಂತೆ. ಕೆಲವು ಟೀವಿ ವಾಹಿನಿಗಳು ಇದನ್ನು ಗ್ರಾಫಿಕ್ಸ್ ಸಮೇತ ಬಹಳ ಗಂಭೀರವಾಗಿ ತೋರಿಸಿದವು. ಅಂಥದ್ದೇನೂ ಇಲ್ಲ ಎಂದು ರಿಸರ್ವ್ ಬ್ಯಾಂಕು ಹೇಳಿದ ಮೇಲೂ ನೋಟನ್ನು ಬೆಳಕಿಗೆ ಹಿಡಿದು ಹುಡುಕಿದವರಿದ್ದರು. 2023ರಲ್ಲಿ ನೋಟೇ ಚಲಾವಣೆಯಿಂದ ಹಿಂದೆ ಹೋಯಿತು. ಚಿಪ್ ಮಾತ್ರ ಯಾರಿಗೂ ಸಿಗಲಿಲ್ಲ.

ನೋಟಿನಲ್ಲಿ ಬರೀ ಚಿಪ್ ಇದೆ ಎಂದಿದ್ದರೆ ಯಾರಾದರೂ ಕೇಳುತ್ತಿದ್ದರು: ಅದಕ್ಕೆ ಕರೆಂಟು ಎಲ್ಲಿಂದ ಬರುತ್ತದೆ, ಆಂಟೆನಾ ಎಲ್ಲಿದೆ? ಮುಂದೆ ‘ನ್ಯಾನೊ’ ಸೇರಿಸಿದ ಕೂಡಲೆ ಪ್ರಶ್ನೆಗಳೇ ನಿಂತುಹೋದವು. ವ್ಯಾಪಾರಿಗಳಿಗೆ ಇದು ಅದಕ್ಕಿಂತ ಮೊದಲೇ ಗೊತ್ತಿತ್ತು. 2005ರಲ್ಲಿ ಹಾಡು ಕೇಳುವ ಪುಟ್ಟ ಯಂತ್ರವೊಂದು ಆ ಹೆಸರಿನಲ್ಲಿ ಬಂತು, 2008ರಲ್ಲಿ ಒಂದು ಲಕ್ಷದ ಕಾರು ಬಂತು. ಆ ಎರಡರಲ್ಲೂ ಹೆಸರಿನ ಅರ್ಥ ‘ಚಿಕ್ಕದು’ ಎಂದಷ್ಟೆ, ಯಾರಿಗೂ ಮೋಸವಿಲ್ಲ. ಆಮೇಲೆ ಬಂದವು ನೋಡಿ: ಕಾರಿಗೆ ನ್ಯಾನೊ ಕೋಟಿಂಗ್, ಮೊಬೈಲ್ ಗಾಜಿಗೆ ನ್ಯಾನೊ ಲಿಕ್ವಿಡ್, ಗೋಡೆಗೆ ಅಂಟಿಸುವ ನ್ಯಾನೊ ಟೇಪು, ಕೊರಳಿಗೆ ನ್ಯಾನೊ ಪೆಂಡೆಂಟು.

ಇವತ್ತು ನಾನು ಹೇಳಬೇಕೆಂದಿರುವುದು ಇಷ್ಟೆ. ದಿನಬಳಕೆಯ ಸಾಮಾನಿನಲ್ಲಿ ನ್ಯಾನೊ ತಂತ್ರ ನಿಜಕ್ಕೂ ಇದೆ, ಬೇಕಾದಷ್ಟಿದೆ. ಆದರೆ ಅದು ಎಲ್ಲಿ ಚೆನ್ನಾಗಿ ಕೆಲಸ ಮಾಡುತ್ತಿದೆಯೋ ಅಲ್ಲಿ ಡಬ್ಬಿಯ ಮೇಲೆ ಅದರ ಹೆಸರು ಇರುವುದು ಅಪರೂಪ. ಹೆಸರನ್ನು ದಪ್ಪಕ್ಷರದಲ್ಲಿ ಅಚ್ಚು ಹಾಕಿದ ಕಡೆ ಡಬ್ಬಿಯೊಳಗೆ ಏನಿದೆ ಎಂದು ಇನ್ನೊಮ್ಮೆ ಕೇಳಿಕೊಳ್ಳುವುದು ಒಳ್ಳೆಯದು.

ಮೊದಲು ಅಳತೆ. ಒಂದು ಮಿಲಿಮೀಟರಿನಲ್ಲಿ ಹತ್ತು ಲಕ್ಷ ನ್ಯಾನೊಮೀಟರುಗಳಿವೆ. ತಲೆಗೂದಲಿನ ದಪ್ಪ ಸುಮಾರು 80 ಸಾವಿರ ನ್ಯಾನೊಮೀಟರು. ನಮ್ಮ ಉಗುರು ತಿಂಗಳಿಗೆ ಮೂರು ಮಿಲಿಮೀಟರಿನಂತೆ ಬೆಳೆಯುತ್ತದೆ. ಲೆಕ್ಕ ಹಾಕಿದರೆ ಸೆಕೆಂಡಿಗೆ ಒಂದು ನ್ಯಾನೊಮೀಟರಿನ ಆಸುಪಾಸು. ನನ್ನ ಮಾತು ಮುಗಿಯುವಷ್ಟರಲ್ಲಿ ನಿಮ್ಮ ಉಗುರು ಸಾವಿರ ನ್ಯಾನೊಮೀಟರ್ ಬೆಳೆದಿರುತ್ತದೆ. ವಿಜ್ಞಾನಿಗಳು ನ್ಯಾನೊ ಎಂದು ಕರೆಯುವುದು ಸಾಮಾನ್ಯವಾಗಿ 1ರಿಂದ 100 ನ್ಯಾನೊಮೀಟರಿನೊಳಗಿನ ಸಂಗತಿಗಳನ್ನು.  

ಅಷ್ಟು ಸಣ್ಣದಾದರೆ ಏನು ಬದಲಾಗುತ್ತದೆ? ಒಂದು ಸೆಂಟಿಮೀಟರ್ ಉದ್ದ, ಅಗಲ, ಎತ್ತರದ ಬೆಳ್ಳಿಯ ತುಂಡೊಂದಿದೆ ಎನ್ನಿ. ಅದರ ಆರು ಮುಖಗಳ ವಿಸ್ತೀರ್ಣ ಸೇರಿದರೆ ಆರು ಚದರ ಸೆಂಟಿಮೀಟರು. ಅದೇ ತುಂಡನ್ನು ಒಂದೊಂದು ನ್ಯಾನೊಮೀಟರಿನ ಚೂರುಗಳಾಗಿ ಕತ್ತರಿಸಿದರೆ ಎಲ್ಲ ಚೂರುಗಳ ಮೇಲ್ಮೈ ಒಟ್ಟು ಆರು ಸಾವಿರ ಚದರ ಮೀಟರು, ಹತ್ತಿರ ಹತ್ತಿರ ಒಂದೂವರೆ ಎಕರೆ. ಬೆಳ್ಳಿ ಒಂದು ಗುಲಗಂಜಿಯಷ್ಟೂ ಹೆಚ್ಚಿಲ್ಲ, ಆದರೆ ನೀರಿಗೋ ಗಾಳಿಗೋ ರೋಗಾಣುವಿಗೋ ತಾಗುವ ಜಾಗ ಕೋಟಿ ಪಾಲು ಹೆಚ್ಚಾಯಿತು. ವಸ್ತುಗಳು ಒಂದಕ್ಕೊಂದು ಮುಟ್ಟುವುದು, ಕಚ್ಚುವುದು, ಕರಗುವುದು ಎಲ್ಲ ಮೇಲ್ಮೈಯಲ್ಲೇ ತಾನೆ? ಇದು ಒಂದು. ಇನ್ನೊಂದು, ಈ ಗಾತ್ರದಲ್ಲಿ ಬೆಳಕಿನ ಜೊತೆಗಿನ ವ್ಯವಹಾರವೂ ಬೇರೆಯಾಗುತ್ತದೆ. ಚಿನ್ನ ಹಳದಿಯಾಗಿ ಉಳಿಯುವುದಿಲ್ಲ, ಬಿಳಿ ಪುಡಿ ಬಿಳಿಯಾಗಿ ಕಾಣುವುದಿಲ್ಲ.

ಇದೆಲ್ಲ ಹೊಸದು ಎಂದುಕೊಳ್ಳಬೇಡಿ. ನಮ್ಮ ಮನೆಗಳಲ್ಲಿ ಕಾಡಿಗೆ ಮಾಡುತ್ತಿದ್ದ ಬಗೆ ಹಿರಿಯರಿಗೆ ಗೊತ್ತಿದೆ. ಹರಳೆಣ್ಣೆಯ ದೀಪ ಹಚ್ಚಿ, ಅಕ್ಕಪಕ್ಕ ಎರಡು ಲೋಟ ಇಟ್ಟು, ಗಂಧ ಬಳಿದ ತಾಮ್ರದ ತಟ್ಟೆಯನ್ನು ಅವುಗಳ ಮೇಲೆ ಕವುಚುತ್ತಿದ್ದರು. ದೀಪದ ಕುಡಿ ತಟ್ಟೆಗೆ ಎಟಕಿಯೂ ಎಟಕದ ಹಾಗಿರಬೇಕು. ಹತ್ತಿರವಾದರೆ ದೀಪ ಮಂಕಾಗುತ್ತದೆ, ದೂರವಾದರೆ ಮಸಿ ಹಾರಿಹೋಗುತ್ತದೆ. ಬೆಳಿಗ್ಗೆ ತಟ್ಟೆಯಲ್ಲಿ ಕೂತ ಮಸಿಯನ್ನು ಕೆರೆದು ಬೆಣ್ಣೆಯಲ್ಲೋ ಹರಳೆಣ್ಣೆಯಲ್ಲೋ ಅರೆದರೆ ಕಾಡಿಗೆ. ಆ ಮಸಿಯ ಒಂದೊಂದು ಕಣ ಕೆಲವು ಹತ್ತು ನ್ಯಾನೊಮೀಟರಿನದು. ಕಣ್ಣಿನ ಅಂಚಿಗೆ ಹಚ್ಚಿದರೆ ಚುಚ್ಚದೆ ನುಣ್ಣಗೆ ಹರಡಿಕೊಳ್ಳುವುದಕ್ಕೆ ಅದೂ ಒಂದು ಕಾರಣ.

ಅದೇ ಮಸಿಯನ್ನು ಕಾರ್ಖಾನೆಯಲ್ಲಿ ಟನ್ನುಗಟ್ಟಲೆ ಮಾಡುತ್ತಾರೆ. ಅದಕ್ಕೆ ಕಾರ್ಬನ್ ಬ್ಲ್ಯಾಕ್ ಎನ್ನುತ್ತಾರೆ. ಪ್ರಪಂಚದಲ್ಲಿ ಅತಿ ಹೆಚ್ಚು ಮಾರಾಟವಾಗುವ ನ್ಯಾನೊ ವಸ್ತುಗಳಲ್ಲಿ ಇದೊಂದು, ಅದು ನಿಮ್ಮ ಸ್ಕೂಟರಿನ ಟಯರಿನಲ್ಲಿದೆ. ರಬ್ಬರಿನ ಸ್ವಂತ ಬಣ್ಣ ಮಾಸಲು ಬಿಳಿ. ಮೊದಲ ಕಾಲದ ಟಯರುಗಳು ಅದೇ ಬಣ್ಣದವು. ಮಿಶೆಲಿನ್ ಕಂಪನಿಯ ಟಯರು ಪೇರಿಸಿದ ಗುಂಡು ಬೊಂಬೆ 1898ರಿಂದ ಬಿಳಿಯಾಗಿಯೇ ಉಳಿದಿರುವುದು ಅದಕ್ಕೇ. 1910ರ ದಶಕದಲ್ಲಿ ರಬ್ಬರಿಗೆ ಮಸಿ ಬೆರೆಸತೊಡಗಿದರು. ಮಸಿಯ ಕಣಗಳು ರಬ್ಬರಿನ ಎಳೆಗಳನ್ನು ಎಲ್ಲ ಕಡೆಯಿಂದ ಹಿಡಿದುಕೊಂಡು ಟಯರು ಸವೆಯುವುದನ್ನು ತಡೆಯುತ್ತವೆ, ಕಾವನ್ನು ಹೊರಕ್ಕೆ ಸಾಗಿಸುತ್ತವೆ. ಇವತ್ತು ಟಯರಿನ ತೂಕದಲ್ಲಿ ಸುಮಾರು ಕಾಲು ಭಾಗ ಈ ಮಸಿಯೇ. ಯಾವ ಟಯರಿನ ಮೇಲಾದರೂ ‘ನ್ಯಾನೊ’ ಎಂದು ಬರೆದದ್ದನ್ನು ನೋಡಿದ್ದೀರಾ? ನಾನಂತೂ ನೋಡಿಲ್ಲ.

ಈಗ ಚಿನ್ನದ ವಿಚಾರ. 1857ರಲ್ಲಿ ಲಂಡನ್ನಿನ ಮೈಕೇಲ್ ಫ್ಯಾರಡೆ, ವಿದ್ಯುತ್ತಿನ ಕೆಲಸದಿಂದ ನಮಗೆಲ್ಲ ಪರಿಚಯವಿರುವ ಅದೇ ಫ್ಯಾರಡೆ, ಚಿನ್ನದ ಲವಣಕ್ಕೆ ರಂಜಕ ಬೆರೆಸಿ ಮಾಣಿಕ್ಯದಂಥ ಕೆಂಪು ದ್ರವ ಪಡೆದರು. ಆ ಕೆಂಪು, ಅತಿ ಸಣ್ಣ ಕಣಗಳಾಗಿ ಚದುರಿದ ಚಿನ್ನದ್ದೇ ಬಣ್ಣ ಎಂದು ಅವರು ಸರಿಯಾಗಿ ಊಹಿಸಿದ್ದರು. ಆ ಕಣಗಳನ್ನು ನೋಡಬಲ್ಲ ಸೂಕ್ಷ್ಮದರ್ಶಕ ಇನ್ನೂ ಹುಟ್ಟಿರಲಿಲ್ಲ. ಅವರು ಮಾಡಿಟ್ಟ ಸೀಸೆಗಳು ಲಂಡನ್ನಿನ ರಾಯಲ್ ಇನ್‌ಸ್ಟಿಟ್ಯೂಷನ್ನಿನಲ್ಲಿ ಇವತ್ತಿಗೂ ಇವೆ. ಚಿನ್ನದ ಕಣ ಇಪ್ಪತ್ತು ಮೂವತ್ತು ನ್ಯಾನೊಮೀಟರಿನದಾದಾಗ ಅದು ಹಸಿರು ಬೆಳಕನ್ನು ಹೀರಿಕೊಳ್ಳುತ್ತದೆ, ನಮ್ಮ ಕಣ್ಣಿಗೆ ಕೆಂಪು ಉಳಿಯುತ್ತದೆ.

ಆ ಕೆಂಪು ಇವತ್ತು ಎಲ್ಲಿದೆ? ಮೆಡಿಕಲ್ ಶಾಪಿನಲ್ಲಿ ಐವತ್ತು ಅರುವತ್ತು ರೂಪಾಯಿಗೆ ಕೊಳ್ಳುವ, ಹಳ್ಳಿಗಳಲ್ಲಿ ಆಶಾ ಕಾರ್ಯಕರ್ತೆಯರು ಮನೆಗೇ ತಂದುಕೊಡುವ ಗರ್ಭ ಪರೀಕ್ಷೆಯ ಕಿಟ್ಟಿನಲ್ಲಿ. ಅದನ್ನು ಬಿಚ್ಚಿ ನೋಡಿದವರು ಕಡಿಮೆ. ಒಳಗೆ ಪ್ಲಾಸ್ಟಿಕ್ಕಿನ ಮೇಲೆ ಅಂಟಿಸಿದ ಬೆರಳಗಲವೂ ಇಲ್ಲದ ಕಾಗದದಂಥ ಪಟ್ಟಿ. ಒಂದು ತುದಿಯಲ್ಲಿ ಮೂತ್ರದ ಹನಿ ಬೀಳುವ ಮೆತ್ತೆ, ಅದರ ಪಕ್ಕದಲ್ಲೇ ಇನ್ನೊಂದು ತುಣುಕು ಮೆತ್ತೆ. ಈ ಎರಡನೆಯದು ನಸುಗೆಂಪಾಗಿರುವುದನ್ನು ಬರಿಗಣ್ಣಿನಿಂದಲೇ ನೋಡಬಹುದು. ಹೆಚ್ಚಿನ ಕಿಟ್ಟುಗಳಲ್ಲಿ ಅದು ಒಣಗಿಸಿಟ್ಟ ಚಿನ್ನ. ಪ್ರತಿ ಕಣದ ಮೈತುಂಬ ಪ್ರತಿಕಾಯಗಳನ್ನು ಅಂಟಿಸಿರುತ್ತಾರೆ. ಬಸುರಿನಲ್ಲಿ ಏರುವ ಎಚ್‌ಸಿಜಿ ಎಂಬ ಹಾರ್ಮೋನನ್ನು ಅವು ಗುರುತು ಹಿಡಿದು ಕಚ್ಚಿಕೊಳ್ಳುತ್ತವೆ. ಮೂತ್ರದ ಹನಿ ಮೆತ್ತೆಯನ್ನು ನೆನೆಸಿ ಮುಂದಕ್ಕೆ ಹರಿಯುವಾಗ ಚಿನ್ನದ ಕಣಗಳೂ ಅದರ ಜೊತೆ ಹೊರಡುತ್ತವೆ. ದಾರಿಯಲ್ಲಿ ಕಣ್ಣಿಗೆ ಕಾಣದ ಒಂದು ಗೆರೆ ಎಳೆದಿಟ್ಟಿದ್ದಾರೆ, ಅದರಲ್ಲೂ ಅದೇ ಹಾರ್ಮೋನನ್ನು ಹಿಡಿಯುವ ಪ್ರತಿಕಾಯ. ಹಾರ್ಮೋನು ಇದ್ದರೆ ಅದರ ಒಂದು ಕಡೆ ಗೆರೆಗೆ, ಇನ್ನೊಂದು ಕಡೆ ಚಿನ್ನಕ್ಕೆ ಕಚ್ಚಿಕೊಂಡು ಕಣಗಳು ಅಲ್ಲೇ ನಿಲ್ಲುತ್ತವೆ. ಒಂದೆರಡು ಕಣ ನಿಂತರೆ ಕಾಣದು; ಕೋಟಿಗಟ್ಟಲೆ ನಿಂತಾಗ ಕೆಂಪು ಗೆರೆ ಮೂಡುತ್ತದೆ. ಹಾರ್ಮೋನು ಇಲ್ಲದಿದ್ದರೆ ಕಣಗಳು ಆ ಗೆರೆಯನ್ನು ದಾಟಿ ಮುಂದಿನ ಗೆರೆಯಲ್ಲಿ ಮಾತ್ರ ನಿಲ್ಲುತ್ತವೆ. ಕಿಟ್ಟು ಕೆಟ್ಟಿಲ್ಲ ಎಂದು ಹೇಳುವುದಷ್ಟೆ ಆ ಎರಡನೇ ಗೆರೆಯ ಕೆಲಸ.

ಬ್ಯಾಟರಿ ಇಲ್ಲ, ಯಂತ್ರ ಇಲ್ಲ, ಓದುಬರಹ ಬಾರದವರೂ ಗೆರೆ ಎಣಿಸಬಹುದು. ಕೊರೋನಾ ಕಾಲದಲ್ಲಿ ಮೂಗಿಗೆ ಕಡ್ಡಿ ಹಾಕಿ ಮಾಡುತ್ತಿದ್ದ ರ‍್ಯಾಪಿಡ್ ಪರೀಕ್ಷೆಯೂ ಇದೇ ಉಪಾಯ. ಹಾರ್ಮೋನಿನ ಬದಲು ವೈರಸ್ಸಿನ ಪ್ರೋಟೀನು, ಅಷ್ಟೆ. ಕಿಟ್ಟಿನಲ್ಲಿರುವ ಚಿನ್ನ ಮೈಕ್ರೊಗ್ರಾಂ ಲೆಕ್ಕದ್ದು, ಅಕ್ಕಸಾಲಿಗರ ಬಳಿ ಒಯ್ದು ಪ್ರಯೋಜನವಿಲ್ಲ. ನನ್ನ ಮಟ್ಟಿಗೆ ನ್ಯಾನೊ ತಂತ್ರದ ಅತ್ಯುತ್ತಮ ಗೃಹೋಪಯೋಗಿ ವಸ್ತು ಯಾವುದು ಎಂದು ಕೇಳಿದರೆ ಇದನ್ನೇ ಹೇಳುತ್ತೇನೆ. ಇದರ ಪೊಟ್ಟಣದ ಮೇಲೂ ಆ ಪದ ಇಲ್ಲ.

ಮುಖಕ್ಕೆ ಹಚ್ಚುವ ಸನ್‌ಸ್ಕ್ರೀನಿಗೆ ಬರೋಣ. ತೊಂಬತ್ತರ ದಶಕದ ಕ್ರಿಕೆಟ್ ನೋಡಿದವರಿಗೆ ದಕ್ಷಿಣ ಆಫ್ರಿಕದ ಅಲನ್ ಡೊನಾಲ್ಡ್ ಮುಖಕ್ಕೆ ಬಳಿದುಕೊಳ್ಳುತ್ತಿದ್ದ ಬಿಳಿ ಪಟ್ಟೆ ನೆನಪಿರಬಹುದು. ಅದು ಸತುವಿನ ಆಕ್ಸೈಡು. ಬಿಸಿಲಿನ ನೇರಳಾತೀತ ಕಿರಣವನ್ನು ತಡೆಯುವುದರಲ್ಲಿ ಅದಕ್ಕೆ ಸಾಟಿ ಕಡಿಮೆ, ಆದರೆ ಸುಣ್ಣ ಬಳಿದಂತೆ ಕಾಣುವ ಮುಖ ಹೊತ್ತು ಮದುವೆ ಮನೆಗೆ ಹೋಗುವುದು ಹೇಗೆ? ಕಣ್ಣಿಗೆ ಕಾಣುವ ಬೆಳಕಿನ ಅಲೆ 400ರಿಂದ 700 ನ್ಯಾನೊಮೀಟರಿನದು. ಪುಡಿಯ ಕಣ ಆ ಅಳತೆಗೆ ಹತ್ತಿರವಿದ್ದರೆ ಬೆಳಕನ್ನು ಎಲ್ಲ ಕಡೆ ಚದುರಿಸಿ ಬೆಳ್ಳಗೆ ಕಾಣುತ್ತದೆ. ಕಣವನ್ನು ನಲವತ್ತು ಐವತ್ತು ನ್ಯಾನೊಮೀಟರಿಗೆ ಇಳಿಸಿದರೆ ಕಾಣುವ ಬೆಳಕಿಗೆ ಅದು ಇದ್ದೂ ಇಲ್ಲದಂತೆ. ನೇರಳಾತೀತವನ್ನು ಮಾತ್ರ ಮೊದಲಿನ ಹಾಗೆ ಹೀರಿಕೊಳ್ಳುತ್ತದೆ. ಈಗಿನ ಪಾರದರ್ಶಕ ಕ್ರೀಮುಗಳ ಗುಟ್ಟು ಇದು. ಸತುವಿನ ಜಾಗದಲ್ಲಿ ಟೈಟಾನಿಯಂ ಡಯಾಕ್ಸೈಡೂ ಇರಬಹುದು.

ಈ ಕಣಗಳು ಚರ್ಮದೊಳಗೆ ಇಳಿಯುವುದಿಲ್ಲವೇ ಎಂದು ಹಲವರು ಕೇಳುತ್ತಾರೆ. ಕೇಳಬೇಕಾದದ್ದೇ. ಗಾಯವಿಲ್ಲದ ಚರ್ಮದಲ್ಲಿ ಅವು ಮೇಲಿನ ಸತ್ತ ಪದರದಲ್ಲೇ ಉಳಿಯುತ್ತವೆ ಎಂಬುದು ಇಲ್ಲಿಯವರೆಗಿನ ಪರೀಕ್ಷೆಗಳ ಒಟ್ಟು ಅಭಿಪ್ರಾಯ. ಯುರೋಪಿನ ತಜ್ಞರ ಸಮಿತಿ ಕ್ರೀಮಿನ ರೂಪದಲ್ಲಿ ಇವಕ್ಕೆ ಒಪ್ಪಿಗೆ ಕೊಟ್ಟಿದೆ. ಉಸಿರಿನ ಜೊತೆ ಶ್ವಾಸಕೋಶಕ್ಕೆ ಹೋಗಬಹುದಾದ ಸ್ಪ್ರೇ ರೂಪದಲ್ಲಿ ಬೇಡ ಎಂದಿದೆ. ಯುರೋಪಿನ ಕಾನೂನು ಇನ್ನೊಂದು ಒಳ್ಳೆಯ ಕೆಲಸವನ್ನೂ ಮಾಡಿದೆ. 2013ರ ಜುಲೈಯಿಂದ ಅಲ್ಲಿ ಮಾರುವ ಸೌಂದರ್ಯವರ್ಧಕಗಳಲ್ಲಿ ಇಂಥ ಕಣ ಇದ್ದರೆ, ಹಿಂಬದಿಯ ಪಟ್ಟಿಯಲ್ಲಿ ಆ ಪದಾರ್ಥದ ಮುಂದೆ ಆವರಣದೊಳಗೆ ನ್ಯಾನೊ ಎಂದು ಬರೆಯಲೇಬೇಕು. ಅಂದರೆ ಮುಂಬದಿಯಲ್ಲಿ ಜಾಹೀರಾತಿಗೆ ಬರೆಯುವ ನ್ಯಾನೊ ಬೇರೆ, ಹಿಂಬದಿಯಲ್ಲಿ ಕಾನೂನಿಗೆ ಹೆದರಿ ಸಣ್ಣಕ್ಷರದಲ್ಲಿ ಬರೆಯುವ ನ್ಯಾನೊ ಬೇರೆ. ಎರಡನೆಯದನ್ನು ನಂಬಬಹುದು.

ಟೈಟಾನಿಯಂ ಡಯಾಕ್ಸೈಡಿಗೆ ಒಂದು ದುರ್ಗುಣ ಇದೆ. ಬಿಸಿಲು ಬಿದ್ದರೆ ಅದು ಪಕ್ಕದಲ್ಲಿರುವ ಸಾವಯವ ವಸ್ತುವನ್ನು ಸುಡತೊಡಗುತ್ತದೆ. ಅದಕ್ಕೇ ಕ್ರೀಮಿಗೆ ಹಾಕುವ ಕಣಗಳ ಮೇಲೆ ಸಿಲಿಕದಂಥ ಹೊದಿಕೆ ಹಾಕುತ್ತಾರೆ. ಆದರೆ ಒಬ್ಬರ ದುರ್ಗುಣ ಇನ್ನೊಬ್ಬರಿಗೆ ಉಪಕಾರ. 2001ರಲ್ಲಿ ಇಂಗ್ಲೆಂಡಿನ ಪಿಲ್ಕಿಂಗ್ಟನ್ ಕಂಪನಿ ಕಿಟಕಿಯ ಗಾಜಿನ ಮೇಲೆ ಇದರ ಹದಿನೈದು ನ್ಯಾನೊಮೀಟರಿನಷ್ಟು ತೆಳು ಪದರ ಹಾಕಿ ಮಾರುಕಟ್ಟೆಗೆ ತಂದಿತು. ಗಾಜಿನ ಮೇಲೆ ಕೂತ ಜಿಡ್ಡನ್ನು ಬಿಸಿಲಲ್ಲಿ ಆ ಪದರವೇ ಒಡೆಯುತ್ತದೆ, ಮಳೆ ಬಂದಾಗ ನೀರು ಹನಿಯಾಗಿ ನಿಲ್ಲದೆ ಹಾಳೆಯಾಗಿ ಹರಿದು ಕೊಳೆಯನ್ನು ತೊಳೆಯುತ್ತದೆ. ಇದಕ್ಕೆ ಪೂರ್ತಿ ಉಲ್ಟಾ ದಾರಿ ತಾವರೆ ಎಲೆಯದು, ನಮ್ಮ ಕೆಸುವಿನ ಎಲೆಯದು. ಪತ್ರೊಡೆಗೆ ಎಲೆ ತೊಳೆಯುವವರಿಗೆ ಗೊತ್ತು, ನೀರು ಅದರ ಮೇಲೆ ನಿಲ್ಲುವುದೇ ಇಲ್ಲ. ಎಲೆಯ ಮೇಲಿನ ಉಬ್ಬುಗಳು, ಆ ಉಬ್ಬುಗಳ ಮೇಲಿನ ನ್ಯಾನೊ ಅಳತೆಯ ಮೇಣದ ಹರಳುಗಳು ನೀರಿಗೆ ಹಿಡಿತ ಕೊಡುವುದಿಲ್ಲ. ಜರ್ಮನಿಯ ಸಸ್ಯವಿಜ್ಞಾನಿ ವಿಲ್ಹೆಲ್ಮ್ ಬಾರ್ಟ್‌ಲಾಟ್ ಇದನ್ನು ಸೂಕ್ಷ್ಮದರ್ಶಕದಲ್ಲಿ ಬಿಡಿಸಿ ತೋರಿಸಿದರು. 1999ರಲ್ಲಿ ಅದೇ ತತ್ವದ ಗೋಡೆ ಬಣ್ಣ ಬಂತು.

ಇನ್ನು ಬೆಳ್ಳಿ. ಇದು ಸ್ವಲ್ಪ ಜಗಳದ ವಸ್ತು.

ಹಸುಗೂಸಿಗೆ ಬೆಳ್ಳಿಯ ಒಳಲೆಯಲ್ಲಿ ಹಾಲು ಕುಡಿಸುವ ಪದ್ಧತಿ ನಮ್ಮಲ್ಲಿದೆ. ಬೆಳ್ಳಿಯಿಂದ ಬಿಡುಗಡೆಯಾಗುವ ಅಯಾನುಗಳು ರೋಗಾಣುಗಳನ್ನು ಕೊಲ್ಲುತ್ತವೆ ಎಂಬುದು ನಿಜ, ಒಳಲೆಯಿಂದ ಎಷ್ಟು ಬಿಡುಗಡೆಯಾಗುತ್ತವೆ ಎಂಬುದು ಬೇರೆ ಮಾತು. ಮೇಲ್ಮೈಯನ್ನು ಒಂದೂವರೆ ಎಕರೆ ಮಾಡಿದಾಗ ಅಯಾನುಗಳೂ ಧಾರಾಳವಾಗಿ ಬರುತ್ತವೆ. ಈ ಗುಣವನ್ನು ನಮ್ಮ ದೇಶದಲ್ಲಿ ಬುದ್ಧಿವಂತಿಕೆಯಿಂದ ಬಳಸಿದ್ದು ಕುಡಿಯುವ ನೀರಿಗೆ. ಮದರಾಸಿನ ಐಐಟಿಯ ಟಿ. ಪ್ರದೀಪ್ ಮತ್ತು ಅವರ ವಿದ್ಯಾರ್ಥಿಗಳು ಚಿನ್ನ, ಬೆಳ್ಳಿಯ ನ್ಯಾನೊ ಕಣಗಳು ನೀರಿನಲ್ಲಿರುವ ಕೀಟನಾಶಕವನ್ನು ಹಿಡಿದುಕೊಳ್ಳುತ್ತವೆ ಎಂದು 2003ರ ಹೊತ್ತಿಗೆ ತೋರಿಸಿದರು. ಅವರು ಪರೀಕ್ಷಿಸಿದ ವಿಷಗಳಲ್ಲಿ ಎಂಡೋಸಲ್ಫಾನ್ ಒಂದು. ಅದು ಏನು ಮಾಡಬಲ್ಲದು ಎಂಬುದನ್ನು ಅದರಿಂದ ನರಳಿದ ದಕ್ಷಿಣ ಕನ್ನಡದ ಕೊಕ್ಕಡದ ಕಡೆಯವರಿಗೆ ಯಾರೂ ವಿವರಿಸಬೇಕಾಗಿಲ್ಲ. ಈ ಸಂಶೋಧನೆ ಮುಂದೆ ಮನೆಯ ಫಿಲ್ಟರುಗಳಿಗೂ ಬಂತು. ಅದಲ್ಲದೆ 2009ರ ಡಿಸೆಂಬರಿನಲ್ಲಿ ಟಾಟಾದವರು ಸ್ವಚ್ಛ್ ಎಂಬ ಫಿಲ್ಟರನ್ನು 749 ಮತ್ತು 999 ರೂಪಾಯಿಗೆ ತಂದರು. ಅದರೊಳಗಿದ್ದದ್ದು ಭತ್ತದ ಹೊಟ್ಟಿನ ಬೂದಿ, ಅದರ ಮೇಲೆ ಕೂರಿಸಿದ ಬೆಳ್ಳಿಯ ನ್ಯಾನೊ ಕಣಗಳು. ಅಕ್ಕಿ ಗಿರಣಿಯ ಹಿತ್ತಲಲ್ಲಿ ಗುಡ್ಡೆ ಬೀಳುವ ಹೊಟ್ಟು, ಕರೆಂಟು ಬೇಡ, ನಲ್ಲಿಯ ಒತ್ತಡ ಬೇಡ. ವಿದ್ಯುತ್ತು ಬಂದು ಹೋಗಿ ಮಾಡುವ ಊರಿಗೆ ಸರಿಹೊಂದುವ ವಿದ್ಯೆ ಎಂದರೆ ಇದು. ಬೆಳ್ಳಿ ಇಲ್ಲಿ ಬೂದಿಯನ್ನು ಕಚ್ಚಿಕೊಂಡು ಕೂತಿರುತ್ತದೆ, ಅದಕ್ಕೊಂದು ಸ್ಪಷ್ಟ ಕೆಲಸ ಇದೆ.

ಅದೇ ಬೆಳ್ಳಿಯನ್ನು ಕಾಲುಚೀಲಕ್ಕೆ ಹಾಕಿದರು. ವಾಸನೆ ಬರಿಸುವ ಬ್ಯಾಕ್ಟೀರಿಯ ಸಾಯುತ್ತದಂತೆ. ಅಮೆರಿಕದ ಅರಿಜೋನಾ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಪಾಲ್ ವೆಸ್ಟರ್‌ಹಾಫ್ ಮತ್ತು ಟ್ರಾಯ್ ಬೆನ್ ಅಂಥ ಕಾಲುಚೀಲಗಳನ್ನು ಕೊಂಡು ತಂದು, ನೀರಲ್ಲಿ ಅದ್ದಿ ಅಲುಗಿಸಿ, ನೀರಿಗೆ ಎಷ್ಟು ಬೆಳ್ಳಿ ಬಿಟ್ಟಿತು ಎಂದು ಅಳೆದರು. ಪ್ರಯೋಗ ಎಂದರೆ ಹೀಗಿರಬೇಕು ಅನ್ನಿಸುವಷ್ಟು ಸರಳ. 2008ರಲ್ಲಿ ಪ್ರಕಟವಾದ ಫಲಿತಾಂಶದಲ್ಲಿ ಕೆಲವು ಕಂಪನಿಗಳ ಚೀಲಗಳು ನಾಲ್ಕು ಒಗೆತದೊಳಗೆ ಹೆಚ್ಚುಕಡಿಮೆ ಇದ್ದ ಬೆಳ್ಳಿಯನ್ನೆಲ್ಲ ಕಳೆದುಕೊಂಡಿದ್ದವು, ಇನ್ನು ಕೆಲವು ಹಿಡಿದಿಟ್ಟುಕೊಂಡಿದ್ದವು. ಕೊಂಡವರ ದುಡ್ಡು ಮೋರಿಗೆ ಹೋಯಿತು ಎಂಬುದಷ್ಟೇ ಆದರೆ ನಕ್ಕು ಬಿಡಬಹುದಿತ್ತು. ಆದರೆ ಬೆಳ್ಳಿ ಮೀನಿಗೂ ನೀರಿನ ಸಣ್ಣ ಜೀವಿಗಳಿಗೂ ವಿಷ. ಕೊಳಚೆ ನೀರನ್ನು ಶುದ್ಧಮಾಡುವ ಘಟಕದಲ್ಲಿ ದುಡಿಯುವುದೂ ಬ್ಯಾಕ್ಟೀರಿಯಗಳೇ. ಬೆಳ್ಳಿ ಬಿಡುವ ಬಟ್ಟೆ ಒಗೆಯುವ ಯಂತ್ರಗಳು ಬಂದಾಗ ಅಮೆರಿಕದ ಪರಿಸರ ಇಲಾಖೆ 2007ರಲ್ಲಿ ಅವನ್ನು ಕೀಟನಾಶಕದ ನಿಯಮದಡಿ ತಂದಿತು.

ಬೆಳ್ಳಿಯ ಮಾತು ಬಂದಾಗ ಮೈಸೂರನ್ನು ಬಿಡುವುದು ಹೇಗೆ? ಮತ ಹಾಕಿದ ಬೆರಳಿಗೆ ಹಚ್ಚುವ ಶಾಯಿ 1962ರಿಂದ ಮೈಸೂರಿನ ಬಣ್ಣ ಮತ್ತು ಅರಗು ಕಾರ್ಖಾನೆಯಲ್ಲೇ ತಯಾರಾಗುತ್ತಿದೆ. ಅದರಲ್ಲಿರುವುದು ಸಿಲ್ವರ್ ನೈಟ್ರೇಟು. ಚರ್ಮದ ಉಪ್ಪಿಗೂ ಬೆಳಕಿಗೂ ಸಿಕ್ಕಿ ಅದು ಚರ್ಮದೊಳಗೇ ಬೆಳ್ಳಿಯ ಅತಿ ಸಣ್ಣ ಕಣಗಳಾಗಿ ಕಪ್ಪಾಗುತ್ತದೆ. ಸೋಪಿಗೆ ಜಗ್ಗುವುದಿಲ್ಲ, ಚರ್ಮ ತಾನಾಗಿ ಕಳಚುವವರೆಗೆ ಕಾಯಬೇಕು.

ಮೊಬೈಲು, ಟೀವಿಗಳ ಬಗ್ಗೆ ಎರಡೇ ಮಾತು. 1954ರಲ್ಲಿ ಅಮೆರಿಕದಲ್ಲಿ ಮಾರಾಟಕ್ಕೆ ಬಂದ ಮೊದಲ ಕಿಸೆ ರೇಡಿಯೋದಲ್ಲಿ ಇದ್ದ ಟ್ರಾನ್ಸಿಸ್ಟರುಗಳು ನಾಲ್ಕು. ಇವತ್ತು ನಿಮ್ಮಲ್ಲಿ ಕೆಲವರು ಈ ಭಾಷಣವನ್ನು ಮೊಬೈಲಿನಲ್ಲಿ ಕೇಳುತ್ತಿರಬಹುದು. 2023ರ ಐಫೋನ್ ಒಂದರ ಚಿಪ್ಪಿನಲ್ಲಿ 1900 ಕೋಟಿ ಟ್ರಾನ್ಸಿಸ್ಟರುಗಳಿವೆ. ಅದನ್ನು ‘3 ನ್ಯಾನೊಮೀಟರ್ ಚಿಪ್’ ಎಂದು ಮಾರುತ್ತಾರೆ. ಮಜಾ ಎಂದರೆ ಆ ಮೂರು ಅದರೊಳಗಿನ ಯಾವ ಭಾಗದ ಅಳತೆಯೂ ಅಲ್ಲ. ಒಂದು ತಂತಿಯಿಂದ ಪಕ್ಕದ ತಂತಿಗಿರುವ ದೂರವೇ ಇಪ್ಪತ್ತು ನ್ಯಾನೊಮೀಟರಿಗೆ ಮಿಕ್ಕಿದ್ದು. ಒಂದು ಕಾಲದಲ್ಲಿ ಅಳತೆಯಾಗಿದ್ದ ಸಂಖ್ಯೆ ಈಗ ತಲೆಮಾರಿನ ಹೆಸರಾಗಿದೆ. ತಂತ್ರ ಅಸಲಿ, ಲೇಬಲ್ಲು ಅಲಂಕಾರ. ಕ್ಯೂಎಲ್‌ಇಡಿ ಟೀವಿಗಳಲ್ಲಿ ಕ್ವಾಂಟಂ ಡಾಟ್ ಎಂಬ ಹರಳುಗಳಿವೆ. ಪದಾರ್ಥ ಒಂದೇ, ಹರಳು ಎರಡು ಮೂರು ನ್ಯಾನೊಮೀಟರಿನದಾದರೆ ಹಸಿರು, ನೀಲಿಯ ಕಡೆಗೆ ಬೆಳಗುತ್ತದೆ, ಆರರ ಹತ್ತಿರ ಬಂದರೆ ಕೆಂಪು. ಇದನ್ನು ಕಂಡುಹಿಡಿದು ಪಳಗಿಸಿದ ಎಕಿಮೊವ್, ಬ್ರೂಸ್, ಬವೆಂಡಿ ಮೂವರಿಗೆ 2023ರ ರಸಾಯನ ನೊಬೆಲ್ ಬಂತು. ಇಂಥ ಕಣಗಳ ಅಧ್ಯಯನ ನಮ್ಮಲ್ಲೂ ದಶಕಗಳಿಂದ ನಡೆದಿದೆ. 2007ರಲ್ಲಿ ಕೇಂದ್ರ ಸರ್ಕಾರ ಸಾವಿರ ಕೋಟಿ ರೂಪಾಯಿಯ ನ್ಯಾನೊ ಮಿಷನ್ ಆರಂಭಿಸಿದಾಗ ಅದರ ಚುಕ್ಕಾಣಿ ಹಿಡಿದವರು ಬೆಂಗಳೂರು ಜಕ್ಕೂರಿನ ಜವಾಹರಲಾಲ್ ನೆಹರು ಕೇಂದ್ರದ ಸಿ.ಎನ್.ಆರ್. ರಾವ್ ಅವರೇ.

ಇನ್ನು ಡಬ್ಬಿಯ ಮೇಲಿನ ನ್ಯಾನೊ.

2006ರ ಮಾರ್ಚ್ ಕೊನೆಯಲ್ಲಿ ಜರ್ಮನಿಯಲ್ಲಿ ಒಂದು ಸ್ಪ್ರೇ ಡಬ್ಬಿ ಮಾರುಕಟ್ಟೆಗೆ ಬಂತು. ಗಾಜು, ಬಚ್ಚಲುಮನೆಯ ಟೈಲುಗಳಿಗೆ ಸಿಂಪಡಿಸಿದರೆ ಕೊಳೆ ಹಿಡಿಯುವುದಿಲ್ಲ ಎಂದು ಅದರ ಭರವಸೆ, ಹೆಸರೇ ಮ್ಯಾಜಿಕ್ ನ್ಯಾನೊ. ಕೆಲವೇ ದಿನಗಳಲ್ಲಿ ನೂರರ ಆಸುಪಾಸು ಜನ ಕೆಮ್ಮು, ಉಸಿರುಗಟ್ಟುವಿಕೆ ಎಂದು ದೂರಿದರು. ಕೆಲವರ ಶ್ವಾಸಕೋಶದಲ್ಲಿ ನೀರು ತುಂಬಿ ಆಸ್ಪತ್ರೆಗೆ ಸೇರಬೇಕಾಯಿತು. ಡಬ್ಬಿಗಳನ್ನು ಹಿಂದಕ್ಕೆ ಪಡೆದರು. ನ್ಯಾನೊ ಕಣದ ಮೊದಲ ದುರಂತ ಎಂದು ಪ್ರಪಂಚದ ಪತ್ರಿಕೆಗಳೆಲ್ಲ ಬರೆದವು. ಕೊನೆಗೆ ಅಲ್ಲಿನ ಸರ್ಕಾರಿ ಸಂಸ್ಥೆ ಪರೀಕ್ಷಿಸಿ ಹೇಳಿದ್ದು: ಆ ಡಬ್ಬಿಯಲ್ಲಿ ನ್ಯಾನೊ ಕಣಗಳೇ ಇರಲಿಲ್ಲ! ಅದೇ ದ್ರವ ಪಂಪಿನ ಬಾಟಲಿಯಲ್ಲಿದ್ದಾಗ ಯಾರಿಗೂ ಏನೂ ಆಗಿರಲಿಲ್ಲ. ಒತ್ತಡದ ಡಬ್ಬಿಗೆ ತುಂಬಿದಾಗ ಹನಿಗಳು ತೀರ ನುಣ್ಣಗಾಗಿ ಶ್ವಾಸಕೋಶದ ಆಳಕ್ಕೆ ಇಳಿದವು. ಕಾರಿಗೋ ಶೂಗೋ ಬಚ್ಚಲಿಗೋ ಯಾವುದೇ ಕೋಟಿಂಗನ್ನು ಮುಚ್ಚಿದ ಕೋಣೆಯಲ್ಲಿ ಸಿಂಪಡಿಸಬೇಡಿ. ಅದರಲ್ಲಿ ನ್ಯಾನೊ ಇರಲಿ, ಇಲ್ಲದಿರಲಿ.

ಪೆಂಡೆಂಟಿನ ಕಥೆ ಇನ್ನೂ ವಿಚಿತ್ರ. ‘ಶಕ್ತಿ’ ಕೊಡುತ್ತದೆ, ಮೊಬೈಲ್ ಟವರಿನ ಕಿರಣ ತಡೆಯುತ್ತದೆ ಎಂದು ಸಾವಿರಾರು ರೂಪಾಯಿಗೆ ಮಾರುವ ಕಪ್ಪು ಬಿಲ್ಲೆಗಳಿವು. ನಾಲ್ಕು ಜನರನ್ನು ಸೇರಿಸಿದರೆ ನಿಮ್ಮದು ಪುಕ್ಕಟೆ ಎಂಬ ಧಾಟಿಯಲ್ಲಿ ಸಂಬಂಧಿಕರ ಮೂಲಕವೇ ಮನೆಗೆ ಬರುತ್ತವೆ. ಮಾವನೋ ಷಡ್ಡಕನೋ ತಂದುಕೊಟ್ಟರೆ ಬೇಡ ಎನ್ನುವುದು ಕಷ್ಟ. ನೆದರ್ಲೆಂಡಿನ ಅಣು ಸುರಕ್ಷತಾ ಪ್ರಾಧಿಕಾರ 2021ರ ಡಿಸೆಂಬರಿನಲ್ಲಿ ಇಂಥ ಕೆಲವು ಬಿಲ್ಲೆ, ಬಳೆಗಳನ್ನು ಪರೀಕ್ಷಿಸಿ ಎಚ್ಚರಿಕೆ ಕೊಟ್ಟಿತು. ಕಿರಣ ತಡೆಯುವುದಿರಲಿ, ಅವುಗಳಿಂದಲೇ ವಿಕಿರಣ ಹೊರಬರುತ್ತಿತ್ತು.

ಇದನ್ನು ಕೇಳುತ್ತಿರುವ ರೈತರಿಗೆ ಹತ್ತಿರದ್ದು ನ್ಯಾನೊ ಯೂರಿಯಾ. 2021ರಲ್ಲಿ ಇಫ್ಕೊ ಸಹಕಾರ ಸಂಸ್ಥೆ ಇದನ್ನು ಹೊರತಂದಿತು. ಅರ್ಧ ಲೀಟರಿನ ಒಂದು ಬಾಟಲಿ 45 ಕಿಲೊದ ಒಂದು ಚೀಲ ಯೂರಿಯಾಕ್ಕೆ ಸಮ ಎಂದಿತು. ಇಲ್ಲಿ ವಿಜ್ಞಾನಕ್ಕಿಂತ ಮೊದಲು ಗುಣಾಕಾರ ಮಾಡೋಣ. ಚೀಲದಲ್ಲಿ ನೂರಕ್ಕೆ 46 ಪಾಲು ಸಾರಜನಕ, ಅಂದರೆ 20 ಕಿಲೊಗೂ ಹೆಚ್ಚು. ಆಗಿನ ಬಾಟಲಿಯಲ್ಲಿ ನೂರಕ್ಕೆ 4, ಅಂದರೆ 20 ಗ್ರಾಂ. ಚೀಲದ್ದು ಕಿಲೊ, ಬಾಟಲಿಯದು ಗ್ರಾಂ. ನೆಲಕ್ಕೆ ಹಾಕಿದ ಯೂರಿಯಾದಲ್ಲಿ ದೊಡ್ಡ ಪಾಲು ಗಾಳಿಗೆ, ನೀರಿಗೆ ಹೋಗುತ್ತದೆ ಎಂಬುದು ಒಪ್ಪುವ ಮಾತು. ಎಲೆಯ ಮೇಲೆ ಸಿಂಪಡಿಸಿದರೆ ನಷ್ಟ ಕಡಿಮೆ ಎಂಬುದನ್ನೂ ಒಪ್ಪೋಣ. ಆದರೂ ಒಂದು ಕ್ವಿಂಟಲ್ ಭತ್ತದ ಕಾಳಿನೊಳಗೇ ಒಂದು ಕಿಲೊಗೆ ಮಿಕ್ಕಿ ಸಾರಜನಕ ಇರುತ್ತದೆ. ಬಾಟಲಿಯ 20 ಗ್ರಾಂ ಒಂದು ಹನಿಯೂ ಪೋಲಾಗದೆ ಕಾಳಿಗೆ ಸೇರಿದರೂ ಎರಡು ಕಿಲೊ ಭತ್ತಕ್ಕೆ ಸಾಲದು. ಕಣವನ್ನು ಎಷ್ಟೇ ಸಣ್ಣದು ಮಾಡಿ, ಅದರ ಮೇಲ್ಮೈ ಹೆಚ್ಚುತ್ತದೆ, ತೂಕ ಹೆಚ್ಚುವುದಿಲ್ಲ. ಲುಧಿಯಾನದ ಪಂಜಾಬ್ ಕೃಷಿ ವಿಶ್ವವಿದ್ಯಾಲಯ ಎರಡು ವರ್ಷ ಹೊಲದಲ್ಲಿ ಪರೀಕ್ಷಿಸಿತು. ಶಿಫಾರಸಿನ ಯೂರಿಯಾದಲ್ಲಿ ಒಂದು ಪಾಲು ಕಡಿಮೆ ಮಾಡಿ ನ್ಯಾನೊ ಯೂರಿಯಾ ಸಿಂಪಡಿಸಿದ ತಾಕುಗಳಲ್ಲಿ ಭತ್ತದ ಇಳುವರಿ ಪ್ರತಿಶತ 13ರಷ್ಟು, ಗೋಧಿಯದು 21ಕ್ಕೂ ಹೆಚ್ಚು ಕುಸಿದಿತ್ತು. ಆಮೇಲೆ ಸಾರಜನಕ ಹೆಚ್ಚಿಸಿದ ಬಾಟಲಿಗಳು ಬಂದವು. ಚೀಲ ಬೇಕಿದ್ದರೆ ಜೊತೆಗೆ ಬಾಟಲಿಯನ್ನೂ ಕೊಳ್ಳಬೇಕೆಂದು ಅಂಗಡಿಯಲ್ಲಿ ಒತ್ತಾಯ ಮಾಡುತ್ತಾರೆ ಎಂಬ ದೂರು ಹಲವು ಕಡೆ ಕೇಳಿಬಂತು. ಒಳ್ಳೆಯ ಸಾಮಾನಿಗೆ ಆ ಒತ್ತಾಯ ಬೇಕಾಗುತ್ತಿರಲಿಲ್ಲ.

ಕೊನೆಗೆ, ಬಾಯಿಗೆ ಹೋಗುವ ಒಂದು ಪದಾರ್ಥ. ಚೂಯಿಂಗ್ ಗಮ್, ಮಕ್ಕಳು ತಿನ್ನುವ ಬಣ್ಣದ ಹೊದಿಕೆಯ ಮಿಠಾಯಿಗಳಿಗೆ ಹಾಲಿನಂಥ ಬಿಳುಪು ಕೊಡಲು ಟೈಟಾನಿಯಂ ಡಯಾಕ್ಸೈಡನ್ನೇ ಬಳಸುತ್ತಾರೆ. ಇಲ್ಲಿ ಬೇಕಾದದ್ದು ಬಿಳುಪು, ಹಾಗಾಗಿ ಕಣಗಳು ದೊಡ್ಡವೇ. ಆದರೆ ಅವುಗಳ ಜೊತೆ ಒಂದಷ್ಟು ಪಾಲು ನೂರು ನ್ಯಾನೊಮೀಟರಿಗಿಂತ ಸಣ್ಣವೂ ಬೆರೆತು ಬರುತ್ತವೆ. ಫ್ರಾನ್ಸ್ 2020ರಲ್ಲಿ ಇದನ್ನು ತಿನಿಸಿನಲ್ಲಿ ನಿಲ್ಲಿಸಿತು. 2021ರ ಮೇ ತಿಂಗಳಲ್ಲಿ ಯುರೋಪಿನ ಆಹಾರ ಸುರಕ್ಷತಾ ಸಂಸ್ಥೆ, ವಂಶವಾಹಿಗೆ ಹಾನಿಯಾಗುವ ಸಾಧ್ಯತೆಯನ್ನು ಪೂರ್ತಿ ತಳ್ಳಿಹಾಕಲಾಗದು ಎಂದಿತು. 2022ರಲ್ಲಿ ಇಡೀ ಯುರೋಪಿನ ಒಕ್ಕೂಟ ನಿಷೇಧಿಸಿತು. ಹಾನಿ ರುಜುವಾತಾಗಿದೆ ಎಂದು ಅವರು ಹೇಳಿಲ್ಲ, ಅಮೆರಿಕದಲ್ಲಿ ಅದಕ್ಕೆ ಅನುಮತಿ ಮುಂದುವರಿದಿದೆ. ಆದರೆ ಬರೀ ಬೆಳ್ಳಗೆ ಕಾಣಲೆಂದು ಹಾಕುವ ವಸ್ತುವಿಗಾಗಿ ಅಷ್ಟು ಅಪಾಯವನ್ನಾದರೂ ಮೈಮೇಲೆ ಎಳೆದುಕೊಳ್ಳುವುದು ಯಾಕೆ ಎಂಬ ಯುರೋಪಿನವರ ವಾದ ನನಗೆ ಸರಿ ಕಾಣುತ್ತದೆ. ಪೊಟ್ಟಣದ ಮೇಲೆ ಅದರ ಪೂರ್ತಿ ಹೆಸರು ಇರಬೇಕೆಂದಿಲ್ಲ, ನ್ಯಾನೊ ಎಂದಂತೂ ಇರುವುದಿಲ್ಲ. ಹಿಂಬದಿಯ ಪಟ್ಟಿಯಲ್ಲಿ ಬಣ್ಣ ಎಂದು ಬರೆದ ಕಡೆ 171 ಎಂಬ ಸಂಖ್ಯೆ ಇದೆಯೇ ನೋಡಿ. ಅಕ್ಷರ ತೀರ ಸಣ್ಣದಿರುತ್ತದೆ. ಮನೆಯಲ್ಲಿ ಮಕ್ಕಳಿದ್ದರೆ ಅವರ ಕೈಗೇ ಕೊಟ್ಟು ಓದಿಸಿ.